ಮೂರು ಬಣ್ಣದ ಹಾಳೆ

ಬಚ್ಚಲ ಕಿಟಕಿಗಿದೆ ಈಗ.
ಬಿಸಿಲು ಬಿದ್ದರೆ ನನ್ನ ಬೋಳುತಲೆ ನೀಲಿ.

ಮದ್ದೂರು ಸಂತೆಯಲ್ಲಿ ಹದಿನೆಂಟು ರೂಪಾಯಿ ಕೊಟ್ಟು
ಚೆನ್ನಿಗಪ್ಪ ತಂದದ್ದು:
ಮೇಲೆ ನೀಲಿ, ನಡುವೆ ಕಿತ್ತಳೆ, ಕೆಳಗೆ ಹಸಿರು.
ಕಪ್ಪು-ಬಿಳುಪು ಟೀವಿಗೆ ಅಂಟಿಸಿ
‘ಕಲರ್ ಆಯ್ತು ನೋಡ್ರಲಾ’ ಅಂದ.

ಅವತ್ತಿಂದ ವಾರ್ತೆ ಓದುವಾಕೆಗೆ ನೀಲಿ ತುರುಬು,
ಕುತ್ತಿಗೆಯಿಂದ ಕೆಳಗೆ ನಾಲೆ ಬಯಲಿನ ಭತ್ತ.
ಫೈಟಿಂಗಿನಲ್ಲಿ ಸತ್ತುಬಿದ್ದವರೆಲ್ಲ
ಪೈರು.

ಹೆಂಚಿನ ಮೇಲೆ ನಾನು, ಆಂಟೆನಾ ಹಿಡಿದು:
‘ಬಂತಾ?’
‘ಬಂತು… ಹೋಯ್ತು… ಅಂಗೇ ನಿಂತ್ಕೊ!’
ಭಾನುವಾರದ ಸಿನಿಮಾ
ನಾನು ಕೇಳಿದ್ದೇ ಹೆಚ್ಚು.

ಆಮೇಲೆ ನಿಜವಾದ ಕಲರ್ ಬಂತು, ರಿಮೋಟು ಸಮೇತ.
ನಿಂಗಾಜಮ್ಮತ್ತೆ ಒಂದು ಗಳಿಗೆ ನೋಡಿ
ಎಲೆಯಡಿಕೆ ಚೀಲ ಎತ್ತಿಕೊಂಡು ಎದ್ದಳು:
‘ಇದ್ಯಾಕ್ಲಾ, ಎಲ್ಲಾ ನಮ್ಮಂಗೇ ಅವ್ರೆ?
ಬಣ್ಣನೇ ಇಲ್ವಲ್ಲ!’