ಎಲೆ, ನೀರು, ಅಷ್ಟೇ

ಹಮ್ರಿಯಾದ ಶಿಪ್‌ಯಾರ್ಡಿನಲ್ಲಿ ನನ್ನ ಕೆಲಸ
ತೂತಿನ ಬಾಯಲ್ಲಿ ನಿಲ್ಲುವುದು.
ಟ್ಯಾಂಕಿನೊಳಕ್ಕೆ ಇಳಿದವರ ಹೆಸರು ಬರೆಯುತ್ತೇನೆ,
ಇಳಿದ ಹೊತ್ತು, ಏರಿದ ಹೊತ್ತು.
ಲೆಕ್ಕ ಕೂಡಿಬರುವವರೆಗೆ ಮುಚ್ಚಳ ಮುಚ್ಚುವಂತಿಲ್ಲ.

ಗಾಳಿ ಅಳೆಯುವವರು ಲ್ಯಾನ್ಸಿ ಕುಟಿನ್ಹಾ,
ಸೇಫ್ಟಿ ಆಫೀಸರು, ಬಜ್ಪೆ ಕಡೆಯವರು.
ಹಳದಿ ಮೀಟರನ್ನು ಹಗ್ಗಕ್ಕೆ ಕಟ್ಟಿ
ಬಾವಿಗೆ ಕೊಡ ಬಿಟ್ಟಂತೆ ಬಿಡುತ್ತಾರೆ.
ಮೂವತ್ತೈದು ದಾಟಿ ಕೂಗಿತೋ,
ಮೂರು ದೇಶದ ಕೂಲಿಗಳು ಏಣಿಯ ಮೇಲೇ ನಿಂತುಬಿಡುತ್ತಾರೆ.
"ಮೂಗನ್ನು ನಂಬಬೇಡ ಮಾರಾಯ, ಇದನ್ನು ನಂಬು."

ಜುಲೈ. ಹನ್ನೆರಡೂವರೆಗೆ ಕೆಲಸ ನಿಲ್ಲಬೇಕು, ಸರ್ಕಾರದ ಹುಕುಂ.
ತಗಡಿನ ಶೆಡ್ಡಿನಲ್ಲಿ ಬೂಟು ಬಿಚ್ಚಿ ಕೂತಿದ್ದೆವು.
ಲ್ಯಾನ್ಸಿ ಹೊಸ ಪ್ಯಾಕು ತೆಗೆದರು.
ನನ್ನದರ ಎರಡರಷ್ಟು ದಿರ್ಹಮ್.
ಮಣ್ಣಿನ ಬಣ್ಣದ ಕಾಗದ, ಮೇಲೊಂದು ಹಸಿರೆಲೆ,
ಎಲೆಯ ಕೆಳಗೆ ಸರ್ಕಾರ ಹಾಕಿಸಿದ ಕಪ್ಪು ಶ್ವಾಸಕೋಶ,
ಒಂದೇ ರೂಮಿನಲ್ಲಿ ಬೆಡ್‌ಸ್ಪೇಸ್ ಹಿಡಿದು
ಮಾತು ಬಿಟ್ಟ ಇಬ್ಬರು ಬಾಡಿಗೆದಾರರ ಹಾಗೆ.

ಮಗಳು ಫೋನಿನಲ್ಲಿ ಬಯ್ದಳಂತೆ,
ಬಿಡುವುದಾಗಿ ಮಾತು ಕೊಟ್ಟರಂತೆ.
"ಇದು ಅರ್ಧ ಬಿಟ್ಟ ಹಾಗೆ. ಸಾವಯವ.
ಕೆಮಿಕಲ್ ಇಲ್ಲ, ಎಂತದೂ ಇಲ್ಲ.
ಎಲೆ, ನೀರು, ಅಷ್ಟೇ. ನಮ್ಮ ಬಸಳೆಯ ಹಾಗೆ."

ನಾನು ಪಿರಿಯಾಪಟ್ಟಣದವನು. ನಕ್ಕುಬಿಟ್ಟೆ.
ನಮ್ಮ ನುಡಿಯಲ್ಲೂ ಅದು ಸೊಪ್ಪೇ, ಹೊಗೆಸೊಪ್ಪು,
ಕೊತ್ತಂಬರಿಯ ಪಕ್ಕ ಇಟ್ಟು ಮಾರಬಹುದೆಂಬಂಥ ಹೆಸರು.
ಹದಿನಾಲ್ಕರಲ್ಲಿ ಕೂಲಿಗೆ ಹೋಗಿದ್ದೆ, ಸೊಪ್ಪು ಮುರಿಯಲು.
ಬೆಳಗಿನ ಜಾವ, ಎಲೆಯ ತುಂಬ ಇಬ್ಬನಿ,
ತೋಳು, ಕಂಕುಳು, ಅಂಗಿ, ಎಲ್ಲ ಅಂಟಂಟು.
ಬಿಸಿಲೇರುವ ಮೊದಲೇ ತಲೆ ಗಿರ್ರೆಂದು
ಬದುವಿನ ಮೇಲೆ ಕೂತು ವಾಂತಿ ಮಾಡಿದೆ.
ನನ್ನ ಪಕ್ಕ ಪುಟ್ಟಚೆನ್ನಿ, ಅವಳ ಪಕ್ಕ ಅವಳ ಅತ್ತಿಗೆ,
ಹುಟ್ಟಾ ಬೀಡಿ ಮುಟ್ಟಿದವರಲ್ಲ ಇಬ್ಬರೂ.
ಬೆಂಕಿ ಸೋಕಿರಲಿಲ್ಲ, ಕಂಪನಿ ತಾಕಿರಲಿಲ್ಲ,
ಏನನ್ನೂ ಬೆರೆಸಿರಲಿಲ್ಲ ಅದಕ್ಕೆ.
ಎಲೆ, ನೀರು, ಅಷ್ಟೇ.

ಹೇಳಿದೆ. ಲ್ಯಾನ್ಸಿ ಹೊಗೆ ಬಿಡುತ್ತ
"ಅದು ಹಸಿ ಎಲೆ. ಇದು ಒಣಗಿದ್ದು" ಎಂದರು.
ವಾದಕ್ಕೆ ನನ್ನ ಓದು ಸಾಲದು.
ಬೆಂಚಿನ ಮೇಲಿದ್ದ ಮೀಟರು ಎತ್ತಿ
ಅವರ ಬಾಯ ಮುಂದೆ ಹಿಡಿದೆ, ತಮಾಷೆಗೆ.

ಹನ್ನೊಂದು. ಇಪ್ಪತ್ತೆಂಟು. ಅರವತ್ತು.
ಕೆಂಪು ದೀಪ, ಕಿವಿ ಹರಿಯುವ ಕೂಗು.
ಮಲಗಿದ್ದ ಬಿಹಾರದ ವೆಲ್ಡರು ದಡಕ್ಕನೆದ್ದು
ಬರಿಗಾಲಲ್ಲೇ ಗೇಟಿನ ಕಡೆ ಓಡಿದ.

"ತಡಿ" ಎಂದು ನನ್ನದಕ್ಕೂ ಹಿಡಿದರು ಲ್ಯಾನ್ಸಿ.
ನನ್ನದು ಅಗ್ಗದ್ದು, ಸೆಂಟು ಹಾಕಿದ್ದು, ಪಕ್ಕಾ ಕೆಮಿಕಲ್.
ಅದೇ ಕೂಗು. ಅದೇ ಕೆಂಪು.
ಯಾವ ಹೊಲದ್ದು, ಯಾವ ಗೊಬ್ಬರ ಎಂದು
ಮೀಟರು ಜಾತಿ ಕೇಳಲಿಲ್ಲ.

"ಕ್ಯಾಲಿಬ್ರೇಶನ್ ಎಂತದೋ ತಪ್ಪಿ ಉಂಟು" ಎಂದರು, ತುಸು ಹೊತ್ತು ಬಿಟ್ಟು.
ದುಬೈಗೆ ಕಳಿಸಿದರು. ನಾಲ್ಕನೇ ದಿನ ಬಂತು,
ಹೊಟ್ಟೆಗೆ ಹಸಿರು ಚೀಟಿ: ಸರಿಯಿದೆ.
ಈಗ ಶೆಡ್ಡಿಗೆ ಬರುವಾಗ
ಅದನ್ನು ಆಫೀಸಿನ ಮೊಳೆಗೆ ನೇತುಹಾಕಿ ಬರುತ್ತಾರೆ.
ಪ್ಯಾಕನ್ನು ಮರೆಯುವುದಿಲ್ಲ.

ಸುಳ್ಳೇಕೆ, ನಾನೂ ಕೇಳಿ ಒಂದು ಸೇದಿದೆ ನಿನ್ನೆ.
ಚೆನ್ನಾಗಿತ್ತು. ಬ್ಯಾರನ್ನಿನ ಬಾಗಿಲು ತೆಗೆದಾಗಿನ
ಆ ಬೆಲ್ಲದಂಥ ವಾಸನೆ, ಇಪ್ಪತ್ತು ವರ್ಷದ ಹಿಂದಿನದು,
ಇಷ್ಟು ದೂರ ನನ್ನನ್ನು ಹುಡುಕಿಕೊಂಡು ಬಂದಿತ್ತು.
ರಿಜಿಸ್ಟರು ತೊಡೆಯ ಮೇಲೇ ಇತ್ತು.
ಕೈಯ ಅಭ್ಯಾಸ, ಬರೆದೆ:
ಇಳಿದವರು: ಹೊಗೆ.
ಇಳಿದ ಹೊತ್ತು: ಹನ್ನೆರಡು ನಲವತ್ತು.
ಏರಿದ ಹೊತ್ತು:

ಮೂರಕ್ಕೆ ಸೈರನ್ನಾಯಿತು. ಪೆನ್ನು ಜೇಬಿಗಿಟ್ಟೆ.