ಪೀಠವಿಲ್ಲ

ಗುವಾಹಾಟಿಯಲ್ಲಿ ಒಂಬತ್ತಕ್ಕೇ ಬಿಸಿಲಿಗೆ ವಯಸ್ಸಾಗಿರುತ್ತದೆ.
ಜವಾನ ದಿಂಬೇಶ್ವರ ಕಲಿತಾ
ಸೇನಾ ನ್ಯಾಯಮಂಡಳಿಯ ಬೀಗ ತೆಗೆದು
ಎರಡು ಕುರ್ಚಿಗಳ ಧೂಳು ಹೊಡೆಯುತ್ತಾನೆ.
ಒಂದು ನ್ಯಾಯಾಧೀಶರದು, ಇನ್ನೊಂದು ನಿವೃತ್ತ ಜನರಲ್ಲರದು.
ಕೂತ ಕುರ್ಚಿಗಿಂತ ಕೂರದ ಕುರ್ಚಿಗೇ
ಧೂಳು ಜಾಸ್ತಿ ಎನ್ನುವುದು ಅವನ ಅನುಭವ.

ಆಮೇಲೆ ಪಟ್ಟಿ ಅಂಟಿಸುತ್ತಾನೆ.
ನಲವತ್ತೊಂದು ಹೆಸರು,
ಕೆಳಗೆ ಒಂದೇ ಮಾತು: ಪೀಠವಿಲ್ಲ.
ಮೊದಮೊದಲು ಅದನ್ನು ದಿನಾ ಟೈಪು ಮಾಡುತ್ತಿದ್ದರು.
ಈಗ ರಬ್ಬರಿನ ಮೊಹರು ಮಾಡಿಸಿದ್ದಾರೆ.
ಮೂರು ಅಂಗಡಿಯ ದರ ತರಿಸಿ, ಬಿಲ್ಲು ಪಾಸಾಗಿ
ಮೊಹರು ಹನ್ನೊಂದೇ ದಿನದಲ್ಲಿ ಬಂತು.
ಕೂರುವವರು ಬಂದಿಲ್ಲ.

ಹದಿನೇಳನೆಯ ಹೆಸರು ಮೈನಾವ್ ಬಸುಮತಾರಿ.
ಉದಾಲ್ಗುರಿಯಲ್ಲಿ ಕತ್ತಲಲ್ಲೇ ಬಸ್ಸು ಹತ್ತಿದವಳು,
ಬ್ರಹ್ಮಪುತ್ರದ ಸೇತುವೆ ಮೇಲೆ ಎಚ್ಚರಾದವಳು.
ಗಂಡ ಫಿರಂಗಿ ದಳದಲ್ಲಿ ಹದಿನಾರು ವರ್ಷ.
ಕಿವಿ ಹೋಯಿತು.
ಸೇವೆಯಿಂದ ಆದದ್ದಲ್ಲ, ಎಂದಿತು ವೈದ್ಯರ ಮಂಡಲಿ.
ಹಾಗಾದರೆ ನಮ್ಮನೆಯ ಹಿತ್ತಲಲ್ಲಿ
ಯಾರು ಹಾರಿಸುತ್ತಿದ್ದರು ಫಿರಂಗಿ?
ಇಷ್ಟು ಕೇಳಲಿಕ್ಕೇ ಅರ್ಜಿ ಹಾಕಿದ್ದು.
ಹಾಕಿದಾಗ ಅವನಿದ್ದ.
ಉಳಿದಿದ್ದ ಅರೆಕಿವಿಗೆ ಬಾಯಿಟ್ಟು
ಕೂಗಿ ಹೇಳುತ್ತಿದ್ದಳು: ಮುಂದಿನ ತಿಂಗಳು!
ಅಕ್ಕಪಕ್ಕದವರಿಗೆಲ್ಲ ತಾರೀಖು ಗೊತ್ತಾಗುತ್ತಿತ್ತು.
ಈಗ ಕೂಗುವ ಕೆಲಸವಿಲ್ಲ.

ನಮ್ಮ ಕಡೆ ಬಾಗಿಲ ಮೇಲೆ ಬರೆಯುತ್ತಿದ್ದರು, ನಾಳೆ ಬಾ.
ರಾತ್ರಿ ಬಂದ ದೆವ್ವ ಓದಿಕೊಂಡು
ವಿಧೇಯವಾಗಿ ತಿರುಗಿ ಹೋಗುತ್ತಿತ್ತಂತೆ.
ಮನೆಯವರಿಗೇ ಓದು ಬರದ ಕಾಲದಲ್ಲಿ
ಓದು ಬಲ್ಲ ದೆವ್ವ.
ಮೈನಾವ್ ದೆವ್ವವಲ್ಲ.
ಹಸಿವಾಗುತ್ತದೆ, ಬುತ್ತಿ ತಂದಿದ್ದಾಳೆ.
ಬಸ್ಸಿನ ಟಿಕೇಟು ಒಂದನ್ನೂ ಎಸೆದಿಲ್ಲ,
ಬಿಸ್ಕತ್ತಿನ ಡಬ್ಬದಲ್ಲಿ ಇಪ್ಪತ್ತಾರು.

ಆ ಡಬ್ಬವನ್ನೇ ಹೈಕೋರ್ಟಿಗೆ ಒಯ್ದಳು
ವಕೀಲೆ ಪ್ರಣೀತಾ ದೇಕಾ.
ಅನುಬಂಧ ಮೂರು.
ನ್ಯಾಯಮೂರ್ತಿ ಒಂದೊಂದೇ ಟಿಕೇಟು ಬೆಳಕಿಗೆ ಹಿಡಿದರು.
ಅಂದು ಅವರ ಪಕ್ಕದ ಕುರ್ಚಿಯೂ ಖಾಲಿ.

ಆಯ್ಕೆ ಸಮಿತಿ ಹೆಸರು ಕಳಿಸಿದ್ದು ಯಾವಾಗ?
ಕಳೆದ ಫೆಬ್ರವರಿ, ಮಹಾಸ್ವಾಮಿ.
ಈಗ ಯಾವ ತಿಂಗಳು?
ಕಡತ ಸಕ್ರಿಯ ಪರಿಶೀಲನೆಯಲ್ಲಿದೆ.
ನಾನು ಕೇಳಿದ್ದು ತಿಂಗಳು.

ಹಿಂದೆ ಯಾರೋ ನಕ್ಕರು. ನ್ಯಾಯಮೂರ್ತಿ ನಗಲಿಲ್ಲ.
ಯಾರನ್ನು ಕೂರಿಸಬೇಕೆಂದು ನಾನು ಹೇಳಲಾರೆ,
ಅದು ನಿಮ್ಮ ಗೆರೆಯ ಒಳಗಿನದು.
ಯಾರನ್ನೂ ಕೂರಿಸದಿರುವುದು ಯಾವ ಗೆರೆಯ ಒಳಗಿದೆ?
ಕುರ್ಚಿ ಕೊಟ್ಟದ್ದು ಕಾನೂನು.
ಖಾಲಿ ಇಟ್ಟೇ ಅದನ್ನು ರದ್ದು ಮಾಡುವ ಕಲಮು
ಯಾವುದೆಂದು ಓದಿ ಹೇಳಿ, ಕಾಯುತ್ತೇನೆ.

ಸರ್ಕಾರಿ ವಕೀಲರು ಪುಟ ತಿರುವಿದರು,
ಇನ್ನೊಂದು ತಿರುವಿದರು.
ಫ್ಯಾನು ಉಳಿದದ್ದನ್ನು ತಿರುವಿತು.

ಆರು ವಾರ, ಎಂದು ಬರೆಸಿದರು.
ತಪ್ಪಿದರೆ ಕಾರ್ಯದರ್ಶಿ ಖುದ್ದಾಗಿ ಬಂದು ನಿಲ್ಲಬೇಕು.

ಹೊರಗೆ ಮೈನಾವ್ ಕೇಳಿದ್ದು ಒಂದೇ:
ಆರು ವಾರ ಅಂದರೆ ಯಾವತ್ತಿಂದ?
ಪ್ರಣೀತಾ ಬೆರಳು ಮಡಿಸಿ ಎಣಿಸಿದಳು,
ನಡುವೆ ಬಿಹು ರಜೆ ಬಂತು, ಮತ್ತೆ ಎಣಿಸಿದಳು.
ಇಪ್ಪತ್ತೇಳನೆಯ ಟಿಕೇಟನ್ನು
ಮೈನಾವ್ ಕುಪ್ಪಸಕ್ಕೆ ಸಿಕ್ಕಿಸಿಕೊಂಡಳು. ಡಬ್ಬ ಈಗ ಸರ್ಕಾರದ ಬಳಿ.

ದಿಂಬೇಶ್ವರನಿಗೆ ಸುದ್ದಿ ಸಂಜೆ ಮುಟ್ಟಿತು.
ಅವನು ಹೀಗೆ ಹಿಂದೆಯೂ ಎರಡು ಸಲ ಕೇಳಿದ್ದಾನೆ,
ನಂಬಿ ಒಮ್ಮೆ ಹೊಸ ಲೋಟಗಳನ್ನೂ ತೊಳೆದಿಟ್ಟಿದ್ದ.
ಮರುದಿನವೂ ಬೀಗ ತೆಗೆದ, ಧೂಳು ಹೊಡೆದ,
ಪಟ್ಟಿ ಅಂಟಿಸಿ ಮೊಹರು ಒತ್ತಿದ.
ಅಕ್ಷರ ಮಸಕಾಗಿ ಬಿತ್ತು.

ಪ್ಯಾಡು ಒಣಗುತ್ತಾ ಬಂದಿತ್ತು.
ಈ ತಿಂಗಳ ಸಾಮಾನಿನ ಚೀಟಿಯಲ್ಲಿ
ಪೊರಕೆ ಬರೆದ, ಫಿನಾಯಿಲು ಬರೆದ,
ಶಾಯಿ ಬರೆಯಲಿಲ್ಲ.