ಅರೆಯೋ ಕಾಲೋ

ಹಾಲು ಕರೆಯಲು ನಮ್ಮಲ್ಲಿ ಮೂರು ಕಾಲಿನ ಮಣೆ.
ನಾಲ್ಕಿದ್ದರೆ ಇಳಿಜಾರಿನಲ್ಲಿ ಒಂದು ಗಾಳಿಯಲ್ಲೇ ಉಳಿಯುತ್ತದೆ.
ಸಾಂವ್ ಝೋರ್ಜ್ ದ್ವೀಪದಲ್ಲಿ ಸಮನೆಲವೆಂದರೆ
ಒಂದು ಚರ್ಚಿನ ಒಳಗೆ,
ಇನ್ನೊಂದು ಸಮುದ್ರ, ಅದೂ ಗಾಳಿ ಬಿದ್ದ ದಿನ.

ಆ ಬೆಳಿಗ್ಗೆ ಮಂಜಿಗೆ ಡೈರಿ ಗಾಡಿಯ ಗಂಟೆ ಕೇಳಿಸಲಿಲ್ಲ.
ಕ್ಯಾನಿನಲ್ಲಿ ಮುಕ್ಕಾಲು ಹಾಲು ಉಳಿದುಹೋಯಿತು.
ಕೆಳಮನೆಯ ಎರ್ಮೆಲಿಂಡ ತನ್ನ ತವರದ ಪಾತ್ರೆ ತಂದಳು.
ಸರಿಯಾಗಿ ಅರೆ ಕ್ಯಾನು ಹಿಡಿಯುವ ಪಾತ್ರೆ,
ಅವಳ ಅತ್ತೆಯಷ್ಟೇ ವಯಸ್ಸು ಅದಕ್ಕೆ, ಅಷ್ಟೇ ನೆಗ್ಗುಗಳು.
ಒಂದು ತುಂಬಿತು. ಅವಳ ಕೊಡಕ್ಕೆ ಬಗ್ಗಿಸಿ
ಮತ್ತೆ ಸುರಿದೆವು.
ಹಾಲು ಪಾತ್ರೆಯ ನಡುಗೆರೆಗೆ ಬಂದು ನಿಂತಿತು,
ಕ್ಯಾನು ಒಂದಿಷ್ಟು ನೊರೆ ಉಗುಳಿ ಬರಿದಾಯಿತು.

"ಒಂದೂವರೆ" ಎಂದ ತಮ್ಮ ಝೆಫೆರಿನು.
"ಒಂದೂಕಾಲು" ಎಂದೆ ನಾನು,
"ಮುಕ್ಕಾಲಿನಲ್ಲಿ ಅರೆ ಹೋದರೆ ಕಾಲು, ಅಷ್ಟೂ ಬಾರದೇ ನಿನಗೆ?"
ಅವನು ಪಾತ್ರೆಯತ್ತ ಬೆರಳು ಮಾಡಿದ, ನಾನು ಕ್ಯಾನಿನತ್ತ.
"ನಿಮ್ಮ ಜಗಳ ಮುಗಿಯುವುದರೊಳಗೆ ಇದು ಚೀಸ್ ಆಗುತ್ತದೆ"
ಎಂದು ಎರ್ಮೆಲಿಂಡ ಹೊರಟೇಹೋದಳು.

ಶಾಲೆಯಲ್ಲಿ ದೋನ ಪೆರ್ಪೆತುವ ಹಲಗೆಯ ಮೇಲೆ ಬರೆದರು.
ಮುಕ್ಕಾಲನ್ನು ಅರೆಯಿಂದ ಭಾಗಿಸಬೇಕು:
ಎರಡನೆಯದನ್ನು ತಲೆಕೆಳಗು ಮಾಡಿ, ಗುಣಿಸಿ.
ಛೇದ ಮೇಲೇರಿತು, ಅಂಶ ಕೆಳಗಿಳಿಯಿತು,
ದೋಣಿ ಮಗುಚಿದ ಹಾಗೆ; ಆದರೆ ಯಾರೂ ಮುಳುಗಲಿಲ್ಲ.
ನಾಲ್ಕರ ಮೇಲೆ ಆರು. ಅಂದರೆ ಒಂದೂವರೆ.
ತಮ್ಮ ಬೆಂಚಿನಡಿ ನನ್ನ ಕಾಲು ತುಳಿದ.

ಎದ್ದು ನಿಂತು ಕೇಳಿದೆ: ಭಾಗಿಸಿದರೆ ಹೆಚ್ಚುವುದು ಹೇಗೆ?
ಲೆಕ್ಕದಲ್ಲೇ ಮುಕ್ಕಾಲು ಒಂದೂವರೆಯಾಗುವುದಾದರೆ
ನಾವು ಹಸು ಸಾಕುವುದೇಕೆ?
ತರಗತಿ ಗೊಳ್ಳೆಂದಿತು.
ಅವರು ನಗಲಿಲ್ಲ. ಸೀಮೆಸುಣ್ಣ ಕೆಳಗಿಟ್ಟು, ಬೆರಳು ಒರೆಸಿಕೊಂಡು,
"ಹಾಲು ಹೆಚ್ಚಿಲ್ಲ, ದೆವೊಲಿಂಡ.
ನಾವು ಕೇಳಿದ್ದು ಎಷ್ಟು ಹಾಲು ಎಂದಲ್ಲ, ಎಷ್ಟು ಸಲ ಎಂದು.
ಉಳಿದದ್ದು ಕ್ಯಾನಿಗೆ ಕಾಲು, ಪಾತ್ರೆಗೆ ಅರೆ.
ಇಂದಿನ ಪ್ರಶ್ನೆ ಪಾತ್ರೆಯದು."
ಸೋತವಳ ಕೈಗಿಟ್ಟ ಪೆಪ್ಪರಮಿಂಟು ಅನ್ನಿಸಿತು ನನಗೆ.
ಚೀಪಲಿಲ್ಲ, ಬಹಳ ಕಾಲ.

ಆಮೇಲೆ ನೆಲ ನಡುಗಿದ ವರ್ಷ
ಅಪ್ಪನ ಹುಲ್ಲುಗಾವಲಿನಲ್ಲಿ ಅರ್ಧ ಜಾರಿ ಸಮುದ್ರಕ್ಕೆ ಬಿತ್ತು,
ಬೇಲಿಯ ನೀಲಿ ಹೂಗಳ ಸಮೇತ.
ಉಳಿದದ್ದನ್ನು ಹಂಚಿಕೊಂಡೆವು.
ನನಗೆ ಬಂದದ್ದು ಅರೆ ಅನ್ನುತ್ತಾನೆ ಅವನು.
ಕಾಲು ಅನ್ನುತ್ತೇನೆ ನಾನು.
ಅವನು ನೆಲವನ್ನು ಅಳೆಯುತ್ತಾನೆ,
ನಾನು ನೆಲದ ಜೊತೆ, ಅದರ ಕೆಳಗಿನ ಆ ನೀರನ್ನೂ.
ಹನ್ನೊಂದು ವರ್ಷವಾಯಿತು.
ಅವನ ಹಸು ಗೋಡೆಯಾಚೆ ಕೆಮ್ಮಿದರೆ ಕೇಳುತ್ತದೆ,
ಅವನು ಕೆಮ್ಮಿದರೂ.

ಮೊನ್ನೆ ಎರ್ಮೆಲಿಂಡಳ ಮೊಮ್ಮಗಳು ಮನೆ ಖಾಲಿ ಮಾಡುವಾಗ
"ಇದು ಬೇಕೇ?" ಎಂದು ಆ ಪಾತ್ರೆ ಎತ್ತಿ ತೋರಿಸಿದಳು.
ತಂದೆ. ತೊಳೆದೆ. ನಡುಗೆರೆಯವರೆಗೆ ಹಾಲು ಹೊಯ್ದೆ.
ಒಂದು ಹನಿ ಹೆಚ್ಚಾಯಿತು; ಬೆರಳಲ್ಲಿ ತೆಗೆದು ನೆಕ್ಕಿದೆ.
ಗೋಡೆಯ ಮೇಲೆ ಅವನ ಕಡೆಗೆ ಇಟ್ಟು ಬಂದೆ.
ಚೀಟಿ ಬರೆಯಲಿಲ್ಲ. ಏನೆಂದು ಬರೆಯಲಿ?

ಸಂಜೆ ನೋಡಿದರೆ ಪಾತ್ರೆ ಅಲ್ಲೇ ಇತ್ತು.
ತಿಕ್ಕಿ ತೊಳೆದು,
ಬೋರಲು ಹಾಕಿತ್ತು.